ಐದು ಪುಸ್ತಕ, ಒಂದು ಬೀಗ: ಕೇರಳದ ವಾಯನಶಾಲಾ ಸಮಿತಿಗಳಿಗೆ ಬಹಿರಂಗ ಪತ್ರ

ಕಾಸರಗೋಡಿನಿಂದ ಪಾರಶಾಲೆಯವರೆಗಿನ ಎಲ್ಲ ವಾಯನಶಾಲೆಗಳ (ಊರ ಗ್ರಂಥಾಲಯಗಳ) ಅಧ್ಯಕ್ಷರು, ಕಾರ್ಯದರ್ಶಿಗಳು ಮತ್ತು ಸಮಿತಿ ಸದಸ್ಯರಿಗೆ,

ನಮಸ್ಕಾರ.

ಪತ್ರ ಕನ್ನಡದಲ್ಲಿದೆ ಎಂದು ಬೇಸರಿಸಬೇಡಿ. ಕೇರಳದ ಕನ್ನಡಿಗರು ಮತ್ತು ತಮಿಳರು ತಮ್ಮ ಭಾಷೆಯಲ್ಲೇ ಸರಕಾರಕ್ಕೆ ಬರೆದುಕೊಳ್ಳಬಹುದು ಎಂದು 1969ರ ಅಧಿಕೃತ ಭಾಷಾ ಕಾಯಿದೆಯೇ ಹೇಳುತ್ತದೆ. ನೀವು ಸರಕಾರವಲ್ಲ, ಒಪ್ಪಿದೆ. ಆದರೆ ನಾನು ಕಟ್ಟುವ ಮನೆತೆರಿಗೆಯ ಜತೆಗೆ ನೂರಕ್ಕೆ ಐದರಂತೆ ಗ್ರಂಥಾಲಯ ಸೆಸ್ ಕೂಡ ಹೋಗುತ್ತದೆ. ನಿಮ್ಮ ಕಪಾಟಿನಲ್ಲಿ ನನ್ನದೂ ಒಂದೆರಡು ಪುಟ ಇದೆ ಎಂಬ ಸಲುಗೆಯಿಂದ ಬರೆಯುತ್ತಿದ್ದೇನೆ. ಮಲಯಾಳಕ್ಕೆ ಯಾರಾದರೂ ತಿರುಗಿಸಿಕೊಟ್ಟರೆ ಸಂತೋಷ. ನಾನೇ ಮಾಡಬಹುದಿತ್ತು. ಆದರೆ ಸಿಟ್ಟು ಬಂದಾಗ ನನಗೆ ಕನ್ನಡವೇ ಬರುವುದು.

ನಾನು ಕಾಸರಗೋಡು ತಾಲೂಕಿನವನು. ಮನೆಯಲ್ಲಿ ತುಳು, ಪೇಟೆಯಲ್ಲಿ ಮಲಯಾಳ, ಹೊಟ್ಟೆಪಾಡಿಗೆ ಕನ್ನಡ. 31 ವರ್ಷ ಕನ್ನಡ ಮೀಡಿಯಂ ಶಾಲೆಯಲ್ಲಿ ಪಾಠ ಹೇಳಿ ನಿವೃತ್ತನಾದೆ. ನಮ್ಮೂರಿನ ವಾಯನಶಾಲೆಯ ಕನ್ನಡ ವಿಭಾಗ ನೋಡಿಕೊಳ್ಳಲು ನನ್ನನ್ನು ಹಾಕಿಕೊಂಡಿದ್ದಾರೆ. ವಿಭಾಗ ಎಂದರೆ ಎರಡೂವರೆ ಕಪಾಟು. ಊರಿನ ಹೆಸರು ಬರೆಯುವುದಿಲ್ಲ. ನಮ್ಮ ಸಮಿತಿಯವರು ಕೆಟ್ಟವರಲ್ಲ, ನಾಳೆಯೂ ಅವರ ಜತೆಯೇ ಚಾ ಕುಡಿಯಬೇಕು. ಅದಕ್ಕಿಂತ ಹೆಚ್ಚಾಗಿ, ನಮ್ಮಲ್ಲಿ ನಡೆದದ್ದು ನಮ್ಮಲ್ಲಿ ಮಾತ್ರ ನಡೆದದ್ದಲ್ಲ ಎಂಬ ಗುಮಾನಿ ನನಗಿದೆ.

ಕಳೆದ ಜೂನ್ 19ರ ವಾಯನ ದಿನಕ್ಕೆ ಮುಂಚೆ ಧೂಳು ಹೊಡೆಯುವ ಕೆಲಸ ಇತ್ತು. ಸ್ಟಾಕ್ ರಿಜಿಸ್ಟರಿನ ಪ್ರಕಾರ ಇರಬೇಕಾದ ಕೆಲವು ಪುಸ್ತಕಗಳು ಎಲ್ಲೂ ಸಿಗಲಿಲ್ಲ. ಲೈಬ್ರೇರಿಯನ್ ಚೇಚಿ (ಅಕ್ಕ) ಸ್ವಲ್ಪ ಹೊತ್ತು ಸುಮ್ಮನಿದ್ದು, ಆಮೇಲೆ ಕಾರ್ಯದರ್ಶಿಯವರ ಮನೆಗೆ ಹುಡುಗನನ್ನು ಓಡಿಸಿ ಕೀಲಿ ತರಿಸಿದರು. ಆಫೀಸ್ ಕೋಣೆಯ ಉಕ್ಕಿನ ಕಪಾಟು ತೆರೆಯಿತು. ಮೇಲಿನ ಖಾನೆಯಲ್ಲಿ ಮಿನಿಟ್ಸ್ ಪುಸ್ತಕ, ರಶೀದಿ ಪುಸ್ತಕ. ನಡುವಿನದರಲ್ಲಿ ಓಣಂ ಹಗ್ಗಜಗ್ಗಾಟದ ಹಗ್ಗ, ಎರಡು ಕಾಯಿ ಕಳೆದುಹೋದ ಕೇರಂ ಡಬ್ಬಿ. ಕೆಳಗಿನ ಖಾನೆಯಲ್ಲಿ ಹಳೆಯ ಪೇಪರು ಹಾಸಿ ಐದು ಪುಸ್ತಕ.

ಮಾಧವಿಕುಟ್ಟಿಯವರ (ಕಮಲಾ ದಾಸ್) ಚಂದನಮರಂಗಳ್. ವಿ.ಟಿ. ನಂದಕುಮಾರರ ರಂಡು ಪೆಣ್‌ಕುಟ್ಟಿಕಳ್. ರೇಷ್ಮಾ ಭಾರದ್ವಾಜ್ ಸಂಪಾದಿಸಿದ ಮಿಥ್ಯಕಳ್ಕ್ಕಪ್ಪುರಂ. ಜೆರೀನಾ ಅವರ ಆತ್ಮಕಥೆ. ಕಿಶೋರ್ ಕುಮಾರ್ ಅವರ ರಂಡು ಪುರುಷನ್ಮಾರ್ ಚುಂಬಿಕ್ಕುಂಬೋಳ್.

ಗಂಡು ಗಂಡನ್ನು, ಹೆಣ್ಣು ಹೆಣ್ಣನ್ನು ಪ್ರೀತಿಸುವವರ, ಹುಟ್ಟಿನ ಲಿಂಗವನ್ನು ಮೀರಿ ಬದುಕುವವರ ಪುಸ್ತಕಗಳು ಇವು. ಐದೂ ನಮ್ಮ ಸ್ವಂತ ದುಡ್ಡಿನಲ್ಲಿ ಬಂದವು. ಜಿಲ್ಲಾ ಲೈಬ್ರರಿ ಕೌನ್ಸಿಲಿನ ಪುಸ್ತಕೋತ್ಸವದಲ್ಲಿ ರಿಯಾಯಿತಿಗೆ ಕಟ್ಟು ಕಟ್ಟಾಗಿ ಕೊಳ್ಳುವಾಗ ಯಾರೂ ಒಳಗೆ ನೋಡಿರಲಿಕ್ಕಿಲ್ಲ. ಮನೆಗೆ ತಂದ ಮೇಲೆ ಯಾರೋ ನೋಡಿದ್ದಾರೆ.

ಯಾರ ಆದೇಶ ಎಂದು ಕೇಳಿದೆ. ಆದೇಶ ಇಲ್ಲ. ಮಿನಿಟ್ಸ್ ಪುಸ್ತಕ ಪಕ್ಕದಲ್ಲೇ ಇತ್ತು, ಆರು ವರ್ಷದ್ದು ತಿರುವಿ ಹಾಕಿದೆ. ಒಂದು ಸಾಲೂ ಇಲ್ಲ. ಓಣಂ ಪೂಕಳದ (ಹೂವಿನ ರಂಗೋಲಿ) ಬಹುಮಾನ ಸ್ಟೀಲಿನ ಪಾತ್ರೆಯೋ ಗೋಡೆ ಗಡಿಯಾರವೋ ಎಂಬ ಚರ್ಚೆಗೆ ಒಂದೂವರೆ ಪುಟ ಇದೆ. ಐದು ಪುಸ್ತಕ ಒಳಗೆ ಹೋದದ್ದಕ್ಕೆ ಒಂದು ಶಾಯಿ ಗೀಟೂ ಇಲ್ಲ. ನನ್ನನ್ನು ಕಾಡುವುದು ಇದೇ. ನಿಷೇಧ ಮಾಡಿದ್ದರೆ ಅದಕ್ಕೊಂದು ತಾರೀಕು, ಒಂದು ಸಹಿ, ಒಂದು ಕಾರಣ ಇರುತ್ತಿತ್ತು. ಅದರ ವಿರುದ್ಧ ಅರ್ಜಿ ಹಾಕಬಹುದಿತ್ತು, ಜಗಳ ಆಡಬಹುದಿತ್ತು. ಬೀಗಕ್ಕೆ ಯಾರು ಸಹಿ ಹಾಕುತ್ತಾರೆ?

ಆಮೇಲೆ ಸ್ಟಾಕ್ ರಿಜಿಸ್ಟರ್ ನೋಡಿದೆ. ಕಿಶೋರ್ ಕುಮಾರರ ಪುಸ್ತಕ ಇಂಗ್ಲಿಷ್ ಪುಸ್ತಕದ ಅನುವಾದವಲ್ಲ, ವೈದ್ಯರ ಬರಹವೂ ಅಲ್ಲ. ಗಂಡಸನ್ನು ಪ್ರೀತಿಸುವ ಒಬ್ಬ ಮಲಯಾಳಿ ಗಂಡಸು ತನ್ನ ಬದುಕನ್ನು ತನ್ನ ಹೆಸರಿನಲ್ಲೇ ಬರೆದದ್ದು. ಡಿ.ಸಿ. ಬುಕ್ಸ್ 2017ರಲ್ಲಿ ಪ್ರಕಟಿಸಿತು. ಸಲಿಂಗ ಸಂಬಂಧವನ್ನು ಅಪರಾಧ ಎನ್ನುತ್ತಿದ್ದ 377ನೇ ಸೆಕ್ಷನ್ ಇನ್ನೂ ಕುತ್ತಿಗೆಯ ಮೇಲಿದ್ದ ಕಾಲ. ನಮ್ಮ ರಿಜಿಸ್ಟರಿನಲ್ಲಿ ವಿಭಾಗದ ಕಾಲಮ್ಮಿನಲ್ಲಿ ಏನು ಬರೆದಿದೆ ಗೊತ್ತೇ? 'ಆರೋಗ್ಯಂ.' ಸಕ್ಕರೆ ಕಾಯಿಲೆ, ಬೆನ್ನುನೋವು, ಪ್ರಕೃತಿ ಚಿಕಿತ್ಸೆ, ಅದರ ಕೆಳಗೆ ಇದು. 2021ರಲ್ಲಿ ಲೈಂಗಿಕ ಅಲ್ಪಸಂಖ್ಯಾತರ ಪರವಾದ ಸಂಘಟನೆಗಳು, ವೈದ್ಯಕೀಯ ಪಠ್ಯಪುಸ್ತಕಗಳಲ್ಲಿ ಸಲಿಂಗ ಪ್ರೀತಿಯನ್ನು ರೋಗ, ಅಪರಾಧ ಎಂಬಂತೆ ಬರೆದಿರುವುದನ್ನು ತೆಗೆಸಬೇಕೆಂದು ಕೇರಳ ಹೈಕೋರ್ಟಿಗೆ ಹೋದವು. ಈ ದೂರನ್ನು ಪರಿಶೀಲಿಸಿ ಎಂದು ಕೋರ್ಟು ರಾಷ್ಟ್ರೀಯ ವೈದ್ಯಕೀಯ ಆಯೋಗಕ್ಕೆ ಹೇಳಿತು. ಡಾಕ್ಟರುಗಳ ಪುಸ್ತಕದಿಂದಲೇ ಹೊರಗೆ ಹಾಕಿಸಲು ಹೊರಟದ್ದನ್ನು ನಾವು ಒಂದು ಆತ್ಮಕಥೆಗೆ ಅಂಟಿಸಿ ಕೂತಿದ್ದೇವೆ.

ಇದರಲ್ಲಿ ನಮ್ಮೂರಿನ ಸಮಿತಿಯದ್ದು ಹೊಸ ಸಾಧನೆ ಏನಿಲ್ಲ. ಮಲಯಾಳದ ಓದುಗರು ಮುಕ್ಕಾಲು ಶತಮಾನದಿಂದ ಇದನ್ನೇ ಮಾಡುತ್ತಾ ಬಂದಿದ್ದಾರೆ: ಬರೆದವರನ್ನು ತಲೆಯ ಮೇಲೆ ಹೊತ್ತುಕೊಳ್ಳುವುದು, ಬರೆದದ್ದರಲ್ಲಿ ಇರಿಸುಮುರಿಸಾದ ಭಾಗವನ್ನು ಮಾತ್ರ ಕೆಳಗಿನ ಖಾನೆಗೆ ಸೇರಿಸುವುದು.

ಬಷೀರರನ್ನೇ ನೋಡಿ. ಕನ್ನಡದವರಾದ ನಮಗೆ ಬಷೀರ್ ಎಂದರೆ ಪಾತುಮ್ಮಳ ಆಡು, ಅಜ್ಜನ ಆನೆ, ಮ್ಯಾಂಗೋಸ್ಟೀನ್ ಮರದ ಕೆಳಗಿನ ಈಸಿಚೇರು. ನಿಮಗೂ ಹೆಚ್ಚುಕಡಿಮೆ ಅಷ್ಟೇ. ಅದೇ ಬಷೀರ್ 1947ರಲ್ಲಿ ಶಬ್ದಂಗಳ್ ಬರೆದರು. ಯುದ್ಧದಿಂದ ಬಂದ ಸೈನಿಕನೊಬ್ಬ ಒಬ್ಬ ಲೇಖಕನ ಎದುರು ಕೂತು ತನ್ನ ಕಥೆ ಹೇಳುತ್ತಾನೆ. ಪ್ರಶ್ನೆ, ಉತ್ತರ, ಅಷ್ಟೇ ಅದರ ಕಟ್ಟು. ಕುಡಿದ ರಾತ್ರಿಯಲ್ಲಿ ಹೆಣ್ಣೆಂದು ಕೂಡಿದ ವ್ಯಕ್ತಿ ಹೆಣ್ಣುಡುಗೆಯ ಗಂಡು ಎಂದು ಅವನಿಗೆ ಆಮೇಲೆ ತಿಳಿಯುತ್ತದೆ. ರೋಗವೂ ಅಂಟುತ್ತದೆ. ಪುಸ್ತಕ ಬಂದಾಗ ವಿಮರ್ಶಕರು ಅಶ್ಲೀಲ ಎಂದು ಮುಗಿಬಿದ್ದರು. ಇದು ಪ್ರೇಮದ ಪುಸ್ತಕ ಅಲ್ಲ. ಹೊಟ್ಟೆ ತೊಳಸುವ ಪುಸ್ತಕ. ಅದರಲ್ಲಿ ಎರಡು ಜೀವಗಳ ನಡುವೆ ಕರುಣೆಯೂ ಅಸಹ್ಯವೂ ಬೆರೆತಿದೆ. ಆದರೆ ಮಲಯಾಳದ ಗದ್ಯ ಅಷ್ಟು ಹಿಂದೆಯೇ ಈ ಬಾಗಿಲು ತಟ್ಟಿತ್ತು ಎಂಬುದು ಬಷೀರ್ ಜನ್ಮದಿನದ ಭಾಷಣಗಳಲ್ಲಿ ನನ್ನ ಕಿವಿಗೆ ಬಿದ್ದದ್ದಿಲ್ಲ. ಆಡು ಪ್ರತಿ ವರ್ಷ ಬರುತ್ತದೆ.

ನಂದಕುಮಾರರ ಕಾದಂಬರಿ 1974ರದ್ದು, ಇಬ್ಬರು ಹುಡುಗಿಯರ ಪ್ರೀತಿಯ ಕಥೆ. 1978ರಲ್ಲಿ ಮೋಹನ್ ಅದನ್ನು ಸಿನಿಮಾ ಮಾಡಿದರು. ಅದು ಹರೆಯದ ಜ್ವರ, ಬಿಟ್ಟು ಹೋಗುತ್ತದೆ ಎಂಬ ಸಮಾಧಾನವನ್ನೂ ಕಥೆಯೇ ಕೊಡುತ್ತದೆ. ಸಮಾಧಾನ ಇದ್ದದ್ದಕ್ಕೇ ಅದು ನಡೆಯಿತು ಎಂದು ನನ್ನ ಅಂದಾಜು. ಪದ್ಮರಾಜನ್ನರ ದೇಶಾಡನಕ್ಕಿಳಿ ಕರಯಾರಿಲ್ಲ (1986) ಬಂದಾಗ ಶಾಲೆಯಿಂದ ಓಡಿಹೋದ ಇಬ್ಬರು ಹುಡುಗಿಯರನ್ನು ನೋಡಿ ಎಲ್ಲರೂ ಅತ್ತರು. 'ಎಂಥಾ ಗೆಳೆತನ!' ಎಂದರು. ಗೆಳೆತನ ಎಂಬುದು ಬಹಳ ಅನುಕೂಲದ ಮಾತು. ಅದರಲ್ಲಿ ಏನನ್ನಾದರೂ ಮಡಿಸಿ ಇಡಬಹುದು.

ಇನ್ನು ಮಾಧವಿಕುಟ್ಟಿ. ಅವರ ಆತ್ಮಕಥೆ ಎಂಡೆ ಕಥ ವಾರಪತ್ರಿಕೆಯಲ್ಲಿ ಕಂತು ಕಂತಾಗಿ ಬಂದು 1973ರಲ್ಲಿ ಪುಸ್ತಕವಾದಾಗ ಕೇರಳ ಎರಡು ಕೆಲಸ ಒಟ್ಟಿಗೆ ಮಾಡಿತು. ಕದ್ದು ಓದಿತು, ಎದುರಿಗೆ ಬೈಯಿತು. ಇದು ನಿಜವೇ, ಯಾರ ಜತೆ, ಯಾವಾಗ ಎಂಬ ತನಿಖೆಯಲ್ಲಿ ಅದನ್ನು ಬರೆದ ಗದ್ಯದ ಕಡೆಗೆ ಯಾರೂ ತಿರುಗಿಯೂ ನೋಡಲಿಲ್ಲ. ಅವರೂ ಕಿಲಾಡಿ, ಒಮ್ಮೆ ಎಲ್ಲ ಸತ್ಯ ಎಂದರು, ಇನ್ನೊಮ್ಮೆ ಕಲ್ಪನೆ ಎಂದರು. 1988ರಲ್ಲಿ ಚಂದನಮರಂಗಳ್ ಬಂತು. ಇಬ್ಬರು ಬಾಲ್ಯದ ಗೆಳತಿಯರು, ಇಬ್ಬರೂ ಡಾಕ್ಟರುಗಳಾಗುತ್ತಾರೆ. ಒಬ್ಬಳು ತನಗಿಂತ ಎಷ್ಟೋ ದೊಡ್ಡವನಾದ ಗಂಡಸನ್ನು ಮದುವೆಯಾಗುತ್ತಾಳೆ. ಇನ್ನೊಬ್ಬಳು ಮದುವೆಯನ್ನೂ ಮುರಿದುಕೊಂಡು ಆಸ್ಟ್ರೇಲಿಯಾಕ್ಕೆ ಹೋಗಿ, ವರ್ಷಗಳ ಮೇಲೆ ತಿರುಗಿ ಬರುತ್ತಾಳೆ. ಇಲ್ಲಿ ಜ್ವರ ಬಿಡುವುದಿಲ್ಲ. ಮದುವೆ, ಮನೆ, ನಡುವಯಸ್ಸು ಎಲ್ಲ ದಾಟಿಯೂ ಆ ಹುಡುಗಿಯ ಮೈಯ ವಾಸನೆ ನೆನಪಿನಲ್ಲಿ ಉಳಿಯುತ್ತದೆ. ಹಾಗೆ ಬಿಡದೆ ಉಳಿಯುವುದನ್ನೇ ಓದುಗರು ಅವರಿಗೆ ಕ್ಷಮಿಸಲಿಲ್ಲವೇನೋ.

2002ರಲ್ಲಿ ಸರಕಾರ ಅವರಿಗೆ ಎಳುತ್ತಚ್ಛನ್ ಪುರಸ್ಕಾರ ಕೊಟ್ಟಿತು. 2009ರಲ್ಲಿ ತೀರಿಕೊಂಡಾಗ ಸರಕಾರಿ ಗೌರವದೊಂದಿಗೆ ತಿರುವನಂತಪುರದ ಪಾಳಯಂ ಮಸೀದಿಯ ಅಂಗಳದಲ್ಲಿ ಮಣ್ಣು ಮಾಡಿದರು. ನಮ್ಮ ವಾಯನಶಾಲೆಯಲ್ಲೂ ಒಂದು ಶ್ರದ್ಧಾಂಜಲಿ ಸಭೆ ಇತ್ತು. ಕನ್ನಡದ ಪರವಾಗಿ ಮಾತಾಡಿದವನು ನಾನೇ. 20 ನಿಮಿಷ. ನೀರ್ಮಾತಳ ಹೂಬಿಟ್ಟ ಕಾಲ, ನಾಲಪಾಟ್ಟಿನ ತರವಾಡು, ಅಜ್ಜಿ, ಬಾಲ್ಯ, ಮಳೆ. ಚೆನ್ನಾಗಿಯೇ ಮಾತಾಡಿದೆ, ಮುಂದಿನ ಸಾಲಿನಲ್ಲಿ ಒಬ್ಬರು ಕಣ್ಣೊರಸಿಕೊಂಡರು. ಚಂದನಮರಂಗಳ್ ನಾನು ಓದಿದ್ದೆ, ಆ ಸಭೆಗೆಂದೇ ಎರಡನೇ ಸಲ ಓದಿದ್ದೆ. ಅದರ ಹೆಸರು ಎತ್ತಲಿಲ್ಲ. ಯಾರೂ ಎತ್ತಬೇಡ ಎಂದಿರಲಿಲ್ಲ. ಸಭೆಯಲ್ಲಿ ಶಾಲೆಯ ಮಕ್ಕಳಿದ್ದರು, ಹೆಂಗಸರಿದ್ದರು ಎಂದು ನನಗೆ ನಾನೇ ಸಬೂಬು ಹೇಳಿಕೊಂಡೆ. ಆದ್ದರಿಂದ ಈ ಪತ್ರದಲ್ಲಿ 'ನೀವು' ಎಂದು ಬಂದಲ್ಲೆಲ್ಲ ನಾನೂ ಇದ್ದೇನೆ ಎಂದು ಓದಿಕೊಳ್ಳಿ.

ಮಾತಿನ ಬಗ್ಗೆ ಒಂದು ಮಾತು. ಮಲಯಾಳದ ಪತ್ರಿಕೆಗಳು ಬಹಳ ವರ್ಷ 'ಸ್ವವರ್ಗರತಿ' ಎಂದೇ ಬರೆದವು, ಕನ್ನಡದವು 'ಸಲಿಂಗಕಾಮ' ಎಂದವು. ರತಿ, ಕಾಮ. ಗಂಡು ಹೆಣ್ಣಿನ ವಿಷಯ ಬಂದರೆ ಪ್ರೀತಿ, ಅನುರಾಗ, ದಾಂಪತ್ಯ, ವಿರಹ, ಒಂದು ನಿಘಂಟೇ ಇದೆ. ಇವರಿಗೆ ಮಾತ್ರ ಹಾಸಿಗೆ ಬಿಟ್ಟು ಬೇರೆ ಪೀಠೋಪಕರಣ ಇಲ್ಲ. 'ಸ್ವವರ್ಗಾನುರಾಗ' ಎಂಬ ಪದವನ್ನು ಇತ್ತೀಚೆಗೆ ತರುಣರು ರೂಢಿಗೆ ತಂದಿದ್ದಾರೆ. ಕೇರಳ ಭಾಷಾ ಇನ್‌ಸ್ಟಿಟ್ಯೂಟ್ 2022ರಲ್ಲಿ ಟ್ರಾನ್ಸ್‌ಜೆಂಡರ್ ಎಂಬುದಕ್ಕೆ ಒಂದು ಮಲಯಾಳ ಪದ ಬೇಕೆಂದು ಸ್ಪರ್ಧೆಯನ್ನೇ ಇಟ್ಟಿತು. ನನಗೆ ನಗು ಬಂದರೂ ಖುಷಿಯೂ ಆಯಿತು. ಏಕೆಂದರೆ ಅದರ ಹಿಂದಿನ ಸ್ಪರ್ಧೆಯನ್ನು ಜನರು ತಾವೇ ನಡೆಸಿದ್ದರು: 2005ರಲ್ಲಿ ಚಾಂದುಪೊಟ್ಟ್ ಎಂಬ ಸಿನಿಮಾ ಬಂದ ಮೇಲೆ, ನಡಿಗೆ ಸ್ವಲ್ಪ ಮೆದುವಾದ ಪ್ರತಿ ಹುಡುಗನಿಗೂ ಆ ಹೆಸರು ಬಿತ್ತು. ನನ್ನ ಶಾಲೆಯ ಅಂಗಳದಲ್ಲಿ ಕನ್ನಡ ಮಕ್ಕಳೂ ಅದೇ ಪದ ಕೂಗುತ್ತಿದ್ದರು. ಬೈಗುಳಕ್ಕೆ ಗಡಿ, ಭಾಷಾ ವಿವಾದ, ಮಹಾಜನ್ ವರದಿ ಯಾವುದೂ ಅಡ್ಡ ಬರುವುದಿಲ್ಲ.

ಇದೇ ಅಂಗಳದಲ್ಲಿ ಜನವರಿಯಲ್ಲಿ ಯಕ್ಷಗಾನ ಮೇಳ ಟೆಂಟು ಹಾಕುತ್ತದೆ. ಪಾರ್ತಿಸುಬ್ಬನ ಸೀಮೆ ನಮ್ಮದು. ಬೆಳ್ಳಂಬೆಳಗ್ಗೆ ನಾಲ್ಕು ಗಂಟೆಗೆ ಸ್ತ್ರೀವೇಷದ ಒಂದು ಓರೆನೋಟಕ್ಕೆ ಗಂಡಸರು ಕುರ್ಚಿಯ ತುದಿಗೆ ಬಂದು ಕೂತಿರುತ್ತಾರೆ. ಮರುದಿನ ಅದೇ ಕಲಾವಿದ ಬಸ್‌ಸ್ಟಾಂಡಿನಲ್ಲಿ ಕೈ ಬೀಸಿ ನಡೆದರೆ ಹಿಂದಿನಿಂದ ನಗು. ಇದನ್ನು ಇಲ್ಲಿಗೇ ಬಿಡುತ್ತೇನೆ, ಅದಕ್ಕೇ ಬೇರೆ ಪತ್ರ ಬೇಕು.

ಕೇರಳ ಏನೂ ಮಾಡಿಲ್ಲ ಎನ್ನುವಷ್ಟು ಕೃತಘ್ನ ನಾನಲ್ಲ. 2015ರಲ್ಲಿ ದೇಶದಲ್ಲೇ ಮೊದಲು ಟ್ರಾನ್ಸ್‌ಜೆಂಡರ್ ನೀತಿ ತಂದ ರಾಜ್ಯ ಇದು. ಹುಡುಗಿಯರು ಜೋಡಿಯಾಗಿ ಆತ್ಮಹತ್ಯೆ ಮಾಡಿಕೊಂಡ ಸುದ್ದಿಗಳು ಪತ್ರಿಕೆಯ ಒಳಪುಟದಲ್ಲಿ ಬಂದು ಮರೆತುಹೋಗುತ್ತಿದ್ದಾಗ 2002ರಲ್ಲೇ ಸಹಯಾತ್ರಿಕ ಎಂಬ ಸಂಘಟನೆ ಕಟ್ಟಿದ ಊರೂ ಇದೇ. ಟ್ರಾನ್ಸ್‌ಜೆಂಡರ್ ಕವಿ ವಿಜಯರಾಜಮಲ್ಲಿಕಾ ಅವರ ದೈವತ್ತಿಂಡೆ ಮಕಳ್ 2018ರಲ್ಲಿ ಬಂತು. ಗಂಡೂ ಅಲ್ಲದ ಹೆಣ್ಣೂ ಅಲ್ಲದ ಮಗುವಿಗೆ ಅವರೊಂದು ಜೋಗುಳ ಬರೆದಿದ್ದಾರೆ. ಅಂಥ ಜೋಗುಳ ಕನ್ನಡದಲ್ಲಿ ನಾನು ಕೇಳಿಲ್ಲ. ತೊಟ್ಟಿಲಿನ ಹಾಡಿನ ಮೊದಲ ಸಾಲಿಗೇ ಮಗು ಗಂಡೋ ಹೆಣ್ಣೋ ಎಂದು ನಿರ್ಧಾರವಾಗಿಬಿಟ್ಟಿರುತ್ತದೆ ಎಂಬುದು ಆ ಜೋಗುಳ ಕೇಳುವವರೆಗೆ ನನ್ನ ತಲೆಗೆ ಹೊಳೆದೇ ಇರಲಿಲ್ಲ.

ಆದರೆ ಕೊಡುವ ಕೈ ಮತ್ತು ಮುಚ್ಚುವ ಕೈ ಇಲ್ಲಿ ಅಕ್ಕಪಕ್ಕದಲ್ಲೇ ಕೆಲಸ ಮಾಡುತ್ತವೆ. ಜಯನ್ ಚೆರಿಯನ್ನರ ಕಾ ಬಾಡಿಸ್ಕೇಪ್ಸ್ ಸಿನಿಮಾಕ್ಕೆ 2016ರಲ್ಲಿ ಸೆನ್ಸಾರ್ ಮಂಡಳಿ ಸರ್ಟಿಫಿಕೇಟ್ ನಿರಾಕರಿಸಿತು. ಸಲಿಂಗ ಸಂಬಂಧವನ್ನು ವೈಭವೀಕರಿಸಿದೆ ಎಂಬುದು ಕೊಟ್ಟ ಕಾರಣಗಳಲ್ಲಿ ಒಂದು. ಹಾಗಾಗಿ ಹೈಕೋರ್ಟಿನ ಮೆಟ್ಟಿಲು ಹತ್ತಬೇಕಾಯಿತು. 2023ರ ನವೆಂಬರಿನಲ್ಲಿ ಕಾದಲ್ ಬಂತು. ಪಂಚಾಯತ್ ಉಪಚುನಾವಣೆಗೆ ನಿಂತ ನಡುವಯಸ್ಸಿನ ಗೃಹಸ್ಥನಾಗಿ ಮಮ್ಮೂಟ್ಟಿ, ಅವನಿಂದ ವಿಚ್ಛೇದನ ಕೇಳುವ ಹೆಂಡತಿ. ನಮ್ಮ ಸಮಿತಿಯ ಮೂವರು ಕುಟುಂಬ ಸಮೇತ ಹೋಗಿ ನೋಡಿದರು. ಮುಂದಿನ ವರ್ಷ ರಾಜ್ಯ ಸರಕಾರ ಅದಕ್ಕೇ ಅತ್ಯುತ್ತಮ ಚಿತ್ರ ಎಂದು ಪ್ರಶಸ್ತಿ ಘೋಷಿಸಿತು. ಬಿಡುಗಡೆಯಾಗಿ ಎರಡು ವಾರ ಆಗುವಷ್ಟರಲ್ಲಿ ಅದರ ನಿರ್ದೇಶಕ ಜಿಯೋ ಬೇಬಿಯವರನ್ನು ಕೋಳಿಕ್ಕೋಡಿನ ಕಾಲೇಜೊಂದಕ್ಕೆ ಕರೆದು, ಅವರು ಊರಿಗೆ ಬಂದಿಳಿದ ಮೇಲೆ ಕಾರ್ಯಕ್ರಮವನ್ನೇ ರದ್ದು ಮಾಡಿದ್ದೂ ಇದೇ ರಾಜ್ಯದಲ್ಲಿ. ಪ್ರಶಸ್ತಿ ಕೊಡಲು ಧೈರ್ಯ ಬೇಕಿಲ್ಲ. ಎದುರು ಕೂರಿಸಿಕೊಂಡು ಮಾತು ಕೇಳಲು ಬೇಕು.

ಸಮಿತಿ ಸಭೆಯಲ್ಲಿ ನಾನು ವಿಷಯ ಎತ್ತಿದೆ. ಪಂಚಾಯತ್ ಚುನಾವಣೆಯಲ್ಲಿ ಒಬ್ಬರ ಮುಖ ಒಬ್ಬರು ನೋಡದ ಮೂವರು ನಮ್ಮ ಸಮಿತಿಯಲ್ಲಿದ್ದಾರೆ. ದಾರಿದೀಪ ಎಲ್ಲಿ ಹಾಕಬೇಕೆಂದು ಎರಡು ವರ್ಷದಿಂದ ಒಪ್ಪಿಗೆ ಆಗಿಲ್ಲ. ಈ ಒಂದು ವಿಷಯದಲ್ಲಿ ಮೂವರೂ ಮೂರೇ ನಿಮಿಷದಲ್ಲಿ ಒಂದಾದರು. ಇಷ್ಟು ಸೌಹಾರ್ದ ನಮ್ಮೂರಿನಲ್ಲಿ ಪ್ರವಾಹದ ವರ್ಷ ಬಿಟ್ಟರೆ ನಾನು ಕಂಡದ್ದಿಲ್ಲ.

"ಮಾಷ್ಟ್ರೇ, ಇದು ಮಕ್ಕಳು ಬರುವ ಜಾಗ" ಎಂದರು ಒಬ್ಬರು.

ಬರಲಿ. ಆ ಮಕ್ಕಳು ಕೂರುವ ಮೇಜಿನ ಮೇಲೆ ದಿನವೂ ನಾಲ್ಕು ಪತ್ರಿಕೆ ಬಿದ್ದಿರುತ್ತದೆ. ಅತ್ಯಾಚಾರದ ಕೇಸುಗಳನ್ನು ಬಾಗಿಲು ಚಿಲಕ ಸಮೇತ ವಿವರಿಸುವ ಪತ್ರಿಕೆಗಳು. ಪೈಂಗಿಳಿ ಎನ್ನುವ ಅಗ್ಗದ ಪ್ರೇಮ ಕಾದಂಬರಿಗಳ ಕಪಾಟು ಅವರ ಕೈಗೆಟುಕುವ ಎತ್ತರದಲ್ಲೇ ಇದೆ, ಅದರಲ್ಲಿ ಹುಡುಗಿಯನ್ನು ಎಳೆದುಕೊಂಡು ಹೋದವನೇ ಕೊನೆಗೆ ತಾಳಿ ಕಟ್ಟುವ ಕಥೆ ಎಷ್ಟು ಬೇಕಾದರೂ ಸಿಗುತ್ತದೆ. ಅದಕ್ಕೆ ಬೀಗ ಇಲ್ಲ. ಬಲಾತ್ಕಾರ ಓದಿದರೆ ಹಾಳಾಗದ ಮಗು ಪ್ರೀತಿ ಓದಿದರೆ ಹಾಳಾಗುತ್ತದೆಯೇ? ಚಿಕ್ಕ ಮಕ್ಕಳ ಕೈಗೆ ಕೊಡಿ ಎಂದು ನಾನು ಹೇಳುತ್ತಿಲ್ಲ. ದೊಡ್ಡವರ ಪುಸ್ತಕ ದೊಡ್ಡವರ ಕಪಾಟಿನಲ್ಲಿರಲಿ ಎನ್ನುತ್ತಿದ್ದೇನೆ. ಅಲ್ಲಿ ಶಬ್ದಂಗಳ್ ಈಗಲೂ ಇದೆ. ಬಷೀರ್ ಎಂಬ ಹೆಸರಿನ ನೆರಳಿನಲ್ಲಿ ಬದುಕಿಕೊಂಡಿದೆ.

ಇನ್ನೊಬ್ಬರು ಸ್ವಲ್ಪ ಯೋಚಿಸಿ ಹೇಳಿದರು: "ಎಲ್ಲ ಪುಸ್ತಕ ಇಡಲಿಕ್ಕೆ ನಮಗೆ ದುಡ್ಡೂ ಇಲ್ಲ ಜಾಗವೂ ಇಲ್ಲ, ಆರಿಸಿ ಇಡುವುದು ನಮ್ಮ ಹಕ್ಕಲ್ಲವೇ?" ಇದು ಗಟ್ಟಿ ಮಾತು. ಹೌದು, ಕೊಳ್ಳದೆ ಇರುವುದು ಆಯ್ಕೆ. ಒಂದು ಹಳ್ಳಿಯ ವಾಯನಶಾಲೆ ಕೃಷಿ ಪುಸ್ತಕ ಕೊಂಡು ಕವನ ಸಂಕಲನ ಬಿಟ್ಟರೆ ಅದನ್ನು ಸೆನ್ಸಾರ್ ಎನ್ನಲಾಗದು. ಆದರೆ ಕೊಂಡು, ಸೀಲು ಹೊಡೆದು, ನಂಬರು ಬರೆದು, ಗ್ರಾಂಟಿನ ಲೆಕ್ಕಕ್ಕೆ ತೋರಿಸಿ, ಆಮೇಲೆ ಹಗ್ಗದ ಕೆಳಗೆ ಇಡುವುದು ಆಯ್ಕೆಯಲ್ಲ. ವಾಯನಶಾಲೆಗೆ ಗ್ರೇಡ್ ಕೊಡಲು ಬಂದವರಿಗೆ ಅವು ಇವೆ, ಓದಲು ಬಂದವರಿಗೆ ಇಲ್ಲ.

ಮೂರನೆಯವರು ಮೀಶ ಕಾದಂಬರಿಯ ಮಾತು ತೆಗೆದರು. ಗಲಾಟೆಯಾದರೆ ಯಾರು ಹೊಣೆ ಎಂದರು. ಅವರ ಹೆದರಿಕೆಯನ್ನು ನಾನು ಹಗುರ ಮಾಡುವುದಿಲ್ಲ. ಎಸ್. ಹರೀಶರ ಮೀಶ ಕಾದಂಬರಿ 2018ರ ಜುಲೈಯಲ್ಲಿ ಮಾತೃಭೂಮಿ ವಾರಪತ್ರಿಕೆಯಲ್ಲಿ ಮೂರು ಕಂತು ಬರುವಷ್ಟರಲ್ಲಿ ಬೆದರಿಕೆ ತಾಳಲಾರದೆ ಲೇಖಕರೇ ಹಿಂದಕ್ಕೆ ತೆಗೆದುಕೊಂಡರು. ಅದು ಬೇರೆಯದೇ ಪುಸ್ತಕ, ಈ ವಿಷಯದ್ದಲ್ಲ. ಆದರೆ ಆಮೇಲೆ ಏನಾಯಿತು ಎಂಬುದನ್ನೂ ಹೇಳಬೇಕು. ಅದನ್ನು ನಿಷೇಧಿಸಬೇಕೆಂಬ ಅರ್ಜಿಯನ್ನು ಸುಪ್ರೀಂ ಕೋರ್ಟು 2018ರ ಸೆಪ್ಟೆಂಬರ್ 5ರಂದು ತಳ್ಳಿಹಾಕಿತು. ಮರುದಿನ, ಸೆಪ್ಟೆಂಬರ್ 6ರಂದು, 377ನೇ ಸೆಕ್ಷನ್ನಿನ ತೀರ್ಪು. ಮೊದಲ ದಿನದ ಪೀಠದ ಮೂವರು ನ್ಯಾಯಾಧೀಶರೂ ಎರಡನೇ ದಿನದ ಐವರ ಪೀಠದಲ್ಲಿದ್ದರು. ಬುಧವಾರ ಕಾದಂಬರಿಕಾರನ ಕಲ್ಪನೆಗೆ, ಗುರುವಾರ ಎರಡು ಜೀವಗಳ ಪ್ರೀತಿಗೆ, ಒಂದೇ ಕೋರ್ಟು ದಾರಿ ಬಿಟ್ಟಿತು. ಆ ಎರಡು ದಿನಗಳನ್ನು ಸೇರಿಸಿ ಹೊಲಿದರೆ ನಮ್ಮ ಕೆಳಗಿನ ಖಾನೆಯ ಐದು ಪುಸ್ತಕಗಳಿಗೆ ಸರಿಯಾದ ಹೊದಿಕೆ ಆಗುತ್ತದೆ. ಮೀಶೆಗೆ ಕೇರಳ ಸಾಹಿತ್ಯ ಅಕಾಡೆಮಿ ಪ್ರಶಸ್ತಿ, ವಯಲಾರ್ ಪ್ರಶಸ್ತಿ ಎರಡೂ ಬಂದವು. ಗಲಾಟೆ ಮಾಡಿದವರು ಮುಂದಿನ ಗಲಾಟೆಗೆ ಹೋದರು.

ಸಭೆಯ ತೀರ್ಮಾನ: ಮುಂದಿನ ಸಭೆಗೆ ಮುಂದೂಡಲಾಗಿದೆ. ಈ ಸಲ ಮಿನಿಟ್ಸ್ ಪುಸ್ತಕದಲ್ಲಿ ಒಂದು ಸಾಲಾದರೂ ಬಂತು.

ಕನ್ನಡದ ಕಪಾಟಿನ ಬಗ್ಗೆ ನನಗೆ ಹೆಮ್ಮೆ ಇದೆ ಎಂದುಕೊಂಡರೆ ತಪ್ಪು. ವಸುಧೇಂದ್ರರ ಮೋಹನಸ್ವಾಮಿ 2013ರಲ್ಲಿ ಬಂತು. ಕನ್ನಡದಲ್ಲಿ ಹೆಸರು ಮಾಡಿದ, ಜನ ಮುಗಿಬಿದ್ದು ಓದುತ್ತಿದ್ದ ಕಥೆಗಾರ ಇದು ನನ್ನದೂ ಬದುಕು ಎಂದು ಹೇಳಿದಾಗ, ಅವರ ಹಿಂದಿನ ಪುಸ್ತಕಗಳನ್ನು ಅಮ್ಮ ಅಜ್ಜಿಯರಿಗೆ ಓದಿ ಹೇಳುತ್ತಿದ್ದ ಮನೆಗಳಲ್ಲೂ ಮೌನ ಬಿತ್ತು. ಆಮೇಲೆ ಮೆಲ್ಲಗೆ ಓದಿದರು. ನಾನು ಅದನ್ನು ಕನ್ನಡ ಪಟ್ಟಿಯಲ್ಲಿ ಬರೆದುಕೊಟ್ಟಾಗ, ಕನ್ನಡ ಬಾರದ ಒಬ್ಬ ಸದಸ್ಯರು ಹೆಸರು ಕೇಳಿ ಯಾವುದೋ ಸ್ವಾಮಿಗಳ ಚರಿತ್ರೆ ಎಂದು ತಿಳಿದು ಸಂತೋಷದಿಂದ ಟಿಕ್ ಹಾಕಿದರು. ನಾನು ತಿದ್ದಲಿಲ್ಲ. ಹೀಗೆ ಕೇರಳದ ಒಂದು ಹಳ್ಳಿಯಲ್ಲಿ ಮೋಹನಸ್ವಾಮಿ ಈಗಲೂ 'ಜೀವಚರಿತ್ರೆ, ಆಧ್ಯಾತ್ಮ' ವಿಭಾಗದಲ್ಲಿ, ಶ್ರೀರಾಮಕೃಷ್ಣರ ಪಕ್ಕ ಕೂತಿದ್ದಾನೆ. ಬೀಗ ಬಿದ್ದಿಲ್ಲ. ಈ ಪತ್ರ ಬಂದ ಮೇಲೆ ಏನಾಗುತ್ತದೋ. ಟ್ರಾನ್ಸ್‌ಜೆಂಡರ್ ಲೇಖಕಿ ಎ. ರೇವತಿಯವರ ಆತ್ಮಕಥೆ ದು. ಸರಸ್ವತಿಯವರ ಕನ್ನಡದಲ್ಲಿ ಬದುಕು ಬಯಲು ಆಗಿ, ರಂಗದ ಮೇಲೂ ಬಂದಿದೆ. ಅದನ್ನು ತರಿಸುವಾಗ ಮೋಸ ಮಾಡದೆ ತರಿಸಬೇಕೆಂದು ಆಸೆ.

ಈಗ ನಿಮ್ಮಿಂದ ಬೇಕಾದದ್ದು. ದೊಡ್ಡದೇನಲ್ಲ, ಖರ್ಚೂ ಇಲ್ಲ.

ನಿಮ್ಮ ನಿಮ್ಮ ಆಫೀಸ್ ಕೋಣೆಯ ಕಪಾಟು ಒಮ್ಮೆ ತೆರೆದು ನೋಡಿ. ಏನೂ ಇಲ್ಲದಿದ್ದರೆ ನನ್ನ ಗುಮಾನಿಗೆ ಕ್ಷಮೆ ಇರಲಿ. ಇದ್ದರೆ ಹೊರಗೆ ತನ್ನಿ. ಆತ್ಮಕಥೆಯನ್ನು ಆತ್ಮಕಥೆಯ ಸಾಲಿನಲ್ಲಿ, ಕಾದಂಬರಿಯನ್ನು ಕಾದಂಬರಿಯ ಸಾಲಿನಲ್ಲಿ ಇಡಿ. ಅವುಗಳಿಗೆಂದು ಪ್ರತ್ಯೇಕ ಕಪಾಟು ಮಾಡಿ ಬಣ್ಣದ ಬೋರ್ಡು ಹಾಕುವ ಉತ್ಸಾಹ ಬೇಡ. ಹಳ್ಳಿಯಲ್ಲಿ ಆ ಕಪಾಟಿನ ಮುಂದೆ ಯಾರು ನಿಲ್ಲುತ್ತಾರೆ? ಅಕ್ಷರಮಾಲೆಯ ಗುಂಪಿನಲ್ಲಿ ಕಳೆದುಹೋದಂತೆ ಇರಲಿ, ಬೇಕಾದವರು ಹುಡುಕಿಕೊಳ್ಳುತ್ತಾರೆ.

ಇನ್ನೊಂದು ಇಶ್ಯೂ ರಿಜಿಸ್ಟರ್. ಇದನ್ನು ಸ್ವಲ್ಪ ಬಿಡಿಸಿ ಹೇಳುತ್ತೇನೆ, ಏಕೆಂದರೆ ನನ್ನ ಅನುಭವದಲ್ಲಿ ಬೀಗಕ್ಕಿಂತ ದೊಡ್ಡ ಕಾವಲುಗಾರ ಅದು. ನಮ್ಮಲ್ಲಿ ಅದು ಬಾಗಿಲ ಪಕ್ಕದ ಮೇಜಿನ ಮೇಲೆ ತೆರೆದೇ ಇರುತ್ತದೆ. ಪುಸ್ತಕದ ಹೆಸರು, ನಂಬರು, ಓದುಗರ ಹೆಸರು, ಮನೆ ಹೆಸರು, ಸಹಿ. ಪೆನ್ನನ್ನು ದಾರದಲ್ಲಿ ಕಟ್ಟಿದೆ. ಮುಂದೆ ಬಂದವರು ತಮ್ಮ ಸಾಲು ಬರೆಯುವಾಗ ಹಿಂದಿನ ಹತ್ತು ಸಾಲು ಓದಿಯೇ ಓದುತ್ತಾರೆ, ನಾನೂ ಓದುತ್ತೇನೆ. ಡಿಗ್ರಿ ಓದುವ ಒಂದು ಹುಡುಗಿ ಒಂದು ಸಂಜೆ ನನ್ನ ಹತ್ತಿರ ಬಂದು, "ಮಾಷ್ಟ್ರೇ, ಪುಸ್ತಕ ಇಲ್ಲೇ ಕೂತು ಓದಿದರೆ ರಿಜಿಸ್ಟರಿನಲ್ಲಿ ಬರೆಯಬೇಕಾ?" ಎಂದು ಕೇಳಿದಳು. ಯಾವ ಪುಸ್ತಕ ಎಂದು ಅವಳು ಹೇಳಲಿಲ್ಲ. ನಾನು ಕೇಳಲಿಲ್ಲ. ಬೇಡ ಎಂದೆ. ಕಪಾಟಿನ ಮುಂದೆ ಎರಡು ಸುತ್ತು ನಡೆದು, ಒಂದು ಅಡುಗೆ ಪುಸ್ತಕ ಸಹಿ ಹಾಕಿ ತೆಗೆದುಕೊಂಡು ಹೋದಳು. ಆಗ ಐದೂ ಒಳಗಿದ್ದವು ಎಂದು ನನಗೆ ಗೊತ್ತಿರಲಿಲ್ಲ.

ಚಂದನಮರಂಗಳ್ ಪುಸ್ತಕದ ನಮ್ಮ ಪ್ರತಿ ಹಳೆಯದು, ಕಪಾಟು ಸೇರುವ ಮೊದಲು ಕೆಲವು ವರ್ಷ ಹೊರಗಿತ್ತು. ರಿಜಿಸ್ಟರಿನ ಪ್ರಕಾರ ಆ ವರ್ಷಗಳಲ್ಲಿ ಅದನ್ನು ಒಬ್ಬರು ಒಮ್ಮೆ ಮಾತ್ರ ಒಯ್ದಿದ್ದಾರೆ, ಶ್ರದ್ಧಾಂಜಲಿ ಸಭೆಯ ವಾರ, ಸಹಿ ನನ್ನದೇ. ಆದರೆ ಅದರ ಬೆನ್ನು ಎರಡು ಸಲ ಹೊಲಿದಿದೆ. ಮೂರು ಪುಟದ ಮೂಲೆ ಮಡಿಸಿ ಬಿಡಿಸಿದೆ. ಒಂದು ಪುಟದ ಅಂಚಿನಲ್ಲಿ ಹೆಬ್ಬೆಟ್ಟಿನಗಲ ತೆಂಗಿನೆಣ್ಣೆಯ ಕಲೆ, ನಡುವೆ ಕೆಎಸ್‌ಆರ್‌ಟಿಸಿಯ ಹಳೆಯ ಟಿಕೇಟು. ಚೇಚಿಗೆ ತೋರಿಸಿದೆ. ವನಿತಾ ಪುಸ್ತಕ ವಿತರಣೆಗೆ ಬಟ್ಟೆಚೀಲ ಹಿಡಿದು ಮನೆ ಮನೆ ಸುತ್ತುವವರು ಅವರೇ. "ಬರೆಯಬೇಡ ಎಂದರು ಮಾಷ್ಟ್ರೇ, ನಾನು ಬರೆಯಲಿಲ್ಲ" ಎಂದರು. ಯಾರು ಎಂದು ಕೇಳಲು ಬಾಯಿ ಬರಲಿಲ್ಲ. ಎಷ್ಟು ಮನೆ ಎಂದು ಮಾತ್ರ ಕೇಳಿದೆ. ಅವರು ನಕ್ಕರು.

ಆದ್ದರಿಂದ ತೆರೆದ ರಿಜಿಸ್ಟರ್ ತೆಗೆದುಹಾಕಿ. ಪುಸ್ತಕದ ಹಿಂದೆ ಲಕೋಟೆ ಅಂಟಿಸಿ ಅದರಲ್ಲೊಂದು ಚೀಟಿ, ಚೀಟಿ ಲೈಬ್ರೇರಿಯನ್ನರ ಡಬ್ಬಿಯಲ್ಲಿ. ಎಷ್ಟೋ ಕಾಲೇಜುಗಳಲ್ಲಿ ಇರುವ ಹಳೆಯ ಪದ್ಧತಿ, ಕಂಪ್ಯೂಟರ್ ಇದ್ದರೆ ಇನ್ನೂ ಸುಲಭ. ಸಕ್ಕರೆ ಕಾಯಿಲೆಯ ಪುಸ್ತಕ ಒಯ್ಯುವವರಿಗೂ ಉಪಕಾರ.

ಪಿ.ಎನ್. ಪಣಿಕ್ಕರ್ 1945ರಲ್ಲಿ 47 ವಾಯನಶಾಲೆಗಳನ್ನು ಸೇರಿಸಿ ಗ್ರಂಥಶಾಲಾ ಸಂಘ ಕಟ್ಟಿದವರು. ಅವರ ಚಿತ್ರ ನಿಮ್ಮೆಲ್ಲರ ಗೋಡೆಯ ಮೇಲೆ ಇದೆ, ನಮ್ಮಲ್ಲೂ ಇದೆ. ನಮ್ಮಲ್ಲಿ ಅದು ತೂಗುಹಾಕಿರುವುದು ಆ ಉಕ್ಕಿನ ಕಪಾಟಿನ ಸರಿಯಾಗಿ ಮೇಲೆ. ಬೇಕೆಂದು ಹಾಗೆ ಹಾಕಿದ್ದಲ್ಲ, ಮೊಳೆ ಅಲ್ಲಿತ್ತು.

ನಮ್ಮ ಸಮಿತಿಯ ಮುಂದಿನ ಸಭೆ ತಿಂಗಳ ಎರಡನೇ ಭಾನುವಾರ. ಐದು ಪುಸ್ತಕಗಳ ಸ್ಟಾಕ್ ನಂಬರನ್ನು ಬರೆದು ಕಾರ್ಯದರ್ಶಿಯವರಿಗೆ ಕೊಟ್ಟಿದ್ದೇನೆ. ವಿಭಾಗದ ಕಾಲಮ್ಮಿನಲ್ಲಿ 'ಆರೋಗ್ಯಂ' ಹೊಡೆದು 'ಆತ್ಮಕಥ' ಎಂದು ತಿದ್ದಲು ಕೆಂಪು ಶಾಯಿಯ ಪೆನ್ನನ್ನೂ. ಅಲ್ಲಿಯವರೆಗೆ ನನ್ನ ಸ್ವಂತದ ಚಂದನಮರಂಗಳ್ ಮತ್ತು ಬದುಕು ಬಯಲು ಪ್ರತಿಗಳನ್ನು ಪತ್ರಿಕೆಗಳ ಮೇಜಿನ ಮೇಲೆ, ಮಾತೃಭೂಮಿಯ ಪಕ್ಕ ಇಟ್ಟಿರುತ್ತೇನೆ. ರಟ್ಟಿಗೆ ಪೇಪರು ಸುತ್ತಿಲ್ಲ. ಸದಸ್ಯರಾಗಬೇಕಿಲ್ಲ, ಸಹಿ ಬೇಡ. ವಾಯನಶಾಲೆ ಸಂಜೆ ನಾಲ್ಕರಿಂದ ಎಂಟರವರೆಗೆ ತೆರೆದಿರುತ್ತದೆ.

ಇತಿ,
ನಿಮ್ಮವರಲ್ಲೊಬ್ಬ,
ನಿವೃತ್ತ ಕನ್ನಡ ಮಾಷ್ಟ್ರು, ಕಾಸರಗೋಡು ತಾಲೂಕು